ಏಳನೇ ಕ್ಯಾಸೆಟ್

ಸುದ್ದಗುಂಟೆಪಾಳ್ಯದಲ್ಲಿ ನಾನು ಬಾಡಿಗೆಗಿದ್ದ ಮಹಡಿ ಕೋಣೆಯಲ್ಲಿ ಒಂದು ಕಬ್ಬಿಣದ ಬೀರು ಇತ್ತು. ಅದರ ಕೆಳಗಿನ ಅರೆಯಲ್ಲಿ ಒಂದು ಚಪ್ಪಲಿ ಡಬ್ಬಿ, ಡಬ್ಬಿಯೊಳಗೆ ಹದಿನಾಲ್ಕು ಪುಟ್ಟ ವಿಡಿಯೋ ಕ್ಯಾಸೆಟ್ಟುಗಳು. ಒಂಬತ್ತು ವರ್ಷ ಅದನ್ನು ನಾನು ಮುಟ್ಟಲಿಲ್ಲ. ಬೆಟ್ಟದವರು ಫೋನ್ ಮಾಡಿ ‘ಕ್ಯಾಸೆಟ್ ಅವಾ ಅಕ್ಕ?’ ಅಂತ ಕೇಳಿದಾಗಲೆಲ್ಲ ‘ಇವೆ, ಭದ್ರವಾಗಿವೆ’ ಅನ್ನುತ್ತಿದ್ದೆ. ಸುಳ್ಳು ಹೇಳುತ್ತಿದ್ದೇನೆ ಅಂತ ಆಗ ಗೊತ್ತಿರಲಿಲ್ಲ. ತೆಗೆದು ನೋಡಿದರೆ ತಾನೆ ಗೊತ್ತಾಗುವುದು?

ಬೆಟ್ಟ ಅಂದರೆ ಚಾಮರಾಜನಗರದ ಆಚೆಯ ಕಾಡು. ಅಲ್ಲಿ ಸೋಲಿಗರ ಒಂದು ಪೋಡು, ಅಂದರೆ ಮೂವತ್ತು ಮನೆಗಳ ಹಟ್ಟಿ. ತೊಂಬತ್ತರ ದಶಕದ ಕೊನೆಯಲ್ಲಿ ಅವರ ಜೊತೆ ಸೇರಿ ಒಂದು ಸಾಕ್ಷ್ಯಚಿತ್ರ ಮಾಡಲು ನಾನು ಬೆಂಗಳೂರಿನಿಂದ ಓಡಾಡುತ್ತಿದ್ದೆ. ಅದಕ್ಕೆ ಮುಂಚೆ ಬೇರೆ ಕಡೆ ಎರಡು ಚಿತ್ರ ಮಾಡಿದ್ದೆ. ಹೋಗುವುದು, ತೆಗೆಯುವುದು, ವಾಪಸು ಬರುವುದು. ಚಿತ್ರದಲ್ಲಿದ್ದವರು ಅದನ್ನು ನೋಡಲೇ ಇಲ್ಲ. ನೋಡಿದವರು ಜಯನಗರದ ಒಂದು ಸಭಾಂಗಣದಲ್ಲಿ ಕಾಫಿ ಲೋಟ ಹಿಡಿದುಕೊಂಡಿದ್ದ ಪರಿಚಯದವರು. ನನಗೇ ಹೇಸಿಗೆ ಅನ್ನಿಸಿತು. ಹಾಗಾಗಿ ಈ ಸಲ ಕ್ಯಾಮೆರಾ ಅವರ ಕೈಗೇ ಕೊಡುವುದು ಅಂತ ತೀರ್ಮಾನಿಸಿ, ಪೋಡಿನ ಹಿರಿಯರ ಜೊತೆ ಕೂತು ಮಾತಾಡಿದೆ. ಮೂರು ಕಟ್ಟಳೆ ಆಯಿತು. ತೆಗೆದದ್ದನ್ನು ತೆಗೆಸಿಕೊಂಡವರಿಗೆ ಅಲ್ಲೇ, ಆಗಲೇ ತೋರಿಸಬೇಕು. ಅವರನ್ನು ಕೇಳದೆ ಏನನ್ನೂ ಕತ್ತರಿಸಬಾರದು. ಕ್ಯಾಸೆಟ್ಟಿನ ಒಂದು ಪ್ರತಿ ಪೋಡಿನಲ್ಲಿರಬೇಕು. ಮೊದಲ ಎರಡು ನಾನು ಹೇಳಿದ್ದು, ಮೂರನೆಯದು ಅವರು ಕೇಳಿದ್ದು.

ಆ ಮೊದಲನೆಯ ಕಟ್ಟಳೆಯ ಬಗ್ಗೆ ನನಗಿದ್ದ ಜಂಬ ಹೇಳತೀರದು. ಅದೇ ಸಭಾಂಗಣದಲ್ಲಿ ನಿಂತು ‘ತೋರಿಸದೆ ಇಟ್ಟುಕೊಂಡದ್ದು ಕದ್ದದ್ದಕ್ಕೆ ಸಮ’ ಅಂತ ಭಾಷಣ ಮಾಡಿದ್ದೇನೆ. ಕೆಲವರು ಅದನ್ನು ಬರೆದುಕೊಂಡರು. ನನಗೆ ಖುಷಿಯೂ ಆಯಿತು, ಸುಳ್ಳು ಯಾಕೆ ಹೇಳಲಿ.

ತೋರಿಸುವುದರಲ್ಲಿ ಒಂದು ತೊಡಕಿತ್ತು. ಆಗಿನ ಕ್ಯಾಮೆರಾದಲ್ಲಿ ತೆಗೆದದ್ದನ್ನು ನೋಡಬೇಕಾದರೆ ಕ್ಯಾಸೆಟ್ಟನ್ನು ಹಿಂದಕ್ಕೆ ಓಡಿಸಬೇಕು. ನೋಡಿಯಾದ ಮೇಲೆ ಮತ್ತೆ ಮುಂದಕ್ಕೆ ಓಡಿಸಿ, ಪರದೆಯ ಮೇಲೆ ಬರೀ ನೀಲಿ ಬಣ್ಣ ಕಾಣುವವರೆಗೆ ತಂದು ನಿಲ್ಲಿಸಬೇಕು. ನೀಲಿ ಅಂದರೆ ಖಾಲಿ ಜಾಗ. ಮರೆತು ಮಧ್ಯದಲ್ಲೇ ಮತ್ತೆ ಚಿತ್ರ ತೆಗೆಯಲು ಶುರುಮಾಡಿದರೆ ಹಳೆಯದು ಅಳಿಸಿ ಅದರ ಮೇಲೆ ಹೊಸದು ಕೂರುತ್ತದೆ. ಇದನ್ನು ಕಲಿಸಿದವಳು ನಾನು. ಕಲಿತವಳು ಪೋಡಿನ ಒಬ್ಬ ಹೆಂಗಸು, ಆಗ ಅವಳಿಗೆ ಇಪ್ಪತ್ತೈದರ ಆಸುಪಾಸು, ಬಾಲವಾಡಿಯಲ್ಲಿ ಕೆಲಸ. ಎರಡೇ ದಿನದಲ್ಲಿ ಕ್ಯಾಮೆರಾ ಅವಳ ಕೈಗೆ ಕೂತಿತು. ಬಸ್ ಕಂಡಕ್ಟರು ‘ಟಿಕೆಟ್ ಆಯ್ತಾ’ ಅನ್ನುವ ಹಾಗೆ ಪ್ರತಿಸಲವೂ ‘ನೀಲಿ ಬಂತಾ ಅಕ್ಕ?’ ಅಂತ ನನ್ನನ್ನೇ ಕೇಳುತ್ತಿದ್ದಳು.

ಅವಳ ಅಜ್ಜಿಯದೇ ಈ ಕತೆ. ಸೋಲಿಗರ ಒಂದೊಂದು ಕುಲಕ್ಕೂ ಕಾಡಿನಲ್ಲಿ ಒಂದು ಎಲ್ಲೆ ಇರುತ್ತದೆ. ಬೇಲಿ ಇಲ್ಲ, ತಂತಿ ಇಲ್ಲ. ದೇವರ ಜಾಗ, ಮಾರಮ್ಮನ ಜಾಗ, ನೀರಿನ ಒರತೆ, ಸತ್ತವರ ಹೆಸರಿನಲ್ಲಿ ಕಲ್ಲು ಇಟ್ಟ ಕಲ್ಲುಗುಡಿ, ಹೀಗೆ ಒಂದೊಂದರ ಹೆಸರು ಹೇಳುತ್ತಾ ನಡೆದರೆ ಅದೇ ಎಲ್ಲೆ. ಕಾಡು ಅಭಯಾರಣ್ಯವಾದಾಗ ಅವರನ್ನು ಒಳಗಿನಿಂದ ಕೆಳಗೆ ತಂದು ರಸ್ತೆ ಪಕ್ಕ ಕೂರಿಸಿದ್ದರು. ಆಮೇಲೆ ಹುಟ್ಟಿದವರು ಆ ದಾರಿ ತುಳಿದಿರಲಿಲ್ಲ. ಆ ಕುಲದ ಹನ್ನೊಂದು ಜಾಗಗಳ ಹೆಸರನ್ನೂ ಬಲ್ಲವಳು ಅಜ್ಜಿ ಒಬ್ಬಳೇ ಉಳಿದಿದ್ದಳು. ‘ನಾನು ನಡೀತೀನಿ, ನೀವು ತಕ್ಕಳಿ’ ಅಂದವಳೂ ಅವಳೇ.

ಒಂದು ಡಿಸೆಂಬರ್ ಬೆಳಿಗ್ಗೆ ಮೂವರೇ ಹೊರಟೆವು. ಅಜ್ಜಿ ಮುಂದೆ, ಕ್ಯಾಮೆರಾ ಹಿಡಿದ ಮೊಮ್ಮಗಳು ಹಿಂದೆ, ಕೋಲಿಗೆ ಮೈಕು ಕಟ್ಟಿ ಕಿವಿಗೆ ಹೆಡ್‌ಫೋನ್ ಹಾಕಿಕೊಂಡ ನಾನು ಪಕ್ಕದಲ್ಲಿ. ಹೊರಡುವ ಮುಂಚೆ ಅಜ್ಜಿ ಕ್ಯಾಮೆರಾವನ್ನು ಒಂದು ಬೆರಳಿನಿಂದ ತಟ್ಟಿ ನೋಡಿದಳು.

‘ಇದು ಮರೆಯಲ್ವಾ ಕೂಸೇ?’

‘ಇಲ್ಲಜ್ಜಿ, ಇದು ಮರೆಯಲ್ಲ’ ಅಂದೆ.

ಮಧ್ಯಾಹ್ನದ ತನಕ ನಡೆದೆವು. ಪ್ರತಿ ಜಾಗದಲ್ಲೂ ನಿಂತು ಅಜ್ಜಿ ಹೆಸರು ಹೇಳಿ, ಅಲ್ಲಿ ಏನು ನಡೆದಿತ್ತು ಅಂತ ಹೇಳಿ, ನೆಲ ಮುಟ್ಟಿ ಮುಂದೆ ಹೋಗುತ್ತಿದ್ದಳು. ಕ್ಯಾಸೆಟ್ಟಿನಲ್ಲಿ ಒಟ್ಟು ಮೂವತ್ತೈದು ನಿಮಿಷ ಆಯಿತು. ಅದೇ ಏಳನೇ ಕ್ಯಾಸೆಟ್; ನಂಬರು ಹಾಕಿದ್ದು ವಿಷಯದ ಪ್ರಕಾರ, ತೆಗೆದ ದಿನದ ಪ್ರಕಾರ ಅಲ್ಲ. ಸಂಜೆ ಪೋಡಿನಲ್ಲಿ ಕಟ್ಟಳೆ ಪ್ರಕಾರ ಹಿಂದಕ್ಕೆ ಓಡಿಸಿ ತೋರಿಸಲು ಶುರುಮಾಡಿದೆವು. ಅಂಗೈ ಅಗಲದ ಪರದೆಗೆ ಇಪ್ಪತ್ತು ತಲೆ. ಅಜ್ಜಿ ನಡೆಯುವ ಠೀವಿ ನೋಡಿ ಹೆಂಗಸರು ನಕ್ಕ ನಗುವಿನಲ್ಲಿ ಒಂದು ಮಾತೂ ಕೇಳಿಸಲಿಲ್ಲ. ಎರಡು ಮೂರು ನಿಮಿಷ ಓಡಿರಬೇಕು, ಬ್ಯಾಟರಿ ಮುಗಿದು ಕ್ಯಾಮೆರಾ ಸುಮ್ಮನಾಯಿತು. ಪೋಡಿನಲ್ಲಿ ಕರೆಂಟ್ ಇರಲಿಲ್ಲ. ಮರುದಿನ ಬಸ್ ಹತ್ತುವಾಗ ಮೊಮ್ಮಗಳು ಕಿಟಕಿಯ ಹತ್ತಿರ ಬಂದು ‘ಊರಿಗೋಗಿ ನೀಲಿ ತನಕ ಓಡ್ಸ್‌ಬುಡಕ್ಕ’ ಅಂದಳು. ಆಯಿತು ಅಂದೆ.

ಬೆಂಗಳೂರಿಗೆ ಬಂದವಳು ನೇರ ಜಯನಗರಕ್ಕೆ, ಅಮ್ಮನ ಮನೆಗೆ ಹೋದೆ. ಬ್ಯಾಟರಿ ಚಾರ್ಜಿಗೆ ಹಾಕಿ ಮಲಗಿದೆ. ಬೆಳಿಗ್ಗೆ ಎದ್ದು ಬಂದರೆ ಅಮ್ಮ ನಡುಮನೆಯಲ್ಲಿ ಕಾಲು ಚಾಚಿ ಕೂತು, ರಾತ್ರಿ ನೆನೆಹಾಕಿದ ಅವರೆಕಾಳು ಹಿಚುಕುತ್ತಿದ್ದಳು. ಎರಡು ಬೆರಳಲ್ಲಿ ಒತ್ತಿದರೆ ಕಾಳು ಟಪ್ಪಂತ ಪಾತ್ರೆಗೆ, ಸಿಪ್ಪೆ ಪೇಪರಿನ ಮೇಲಕ್ಕೆ.

‘ಎದ್ಯಾ ತಾಯಿ? ಮನೆಗೆ ಮಾರಿ, ಊರಿಗೆ ಉಪಕಾರಿ’ ಅಂದಳು. ಅದು ಅವಳ ಸುಪ್ರಭಾತ. ‘ಊರೋರನ್ನೆಲ್ಲಾ ತೆಗೀತೀಯ. ನನ್ನ ಒಂದ್ಸಲನಾದ್ರೂ ತೆಗ್ದಿದೀಯೇನೇ?’

ಅದರಲ್ಲಿ ತಮಾಷೆ ಎಷ್ಟು, ದೂರು ಎಷ್ಟು ಅಂತ ನಾನು ವಿಚಾರಿಸಲಿಲ್ಲ. ಕ್ಯಾಮೆರಾ ತಂದು ಸ್ಟೂಲಿನ ಮೇಲಿಟ್ಟು ಗುಂಡಿ ಒತ್ತಿದೆ. ನೀಲಿ ನೋಡಲಿಲ್ಲ. ಅದು ಕೆಲಸ ಅಂತ ಅನ್ನಿಸಲೇ ಇಲ್ಲವಲ್ಲ, ಮನೆಯಲ್ಲಿ ಅಮ್ಮನನ್ನು ತೆಗೆಯುವುದು. ಅರ್ಧ ಗಂಟೆ ಅಮ್ಮ ಹಿಚುಕುತ್ತಾ ಮಾತಾಡಿದಳು, ನಾನು ಪಕ್ಕದಲ್ಲಿ ಕಾಫಿ ಕುಡಿದೆ. ಕೊನೆಗೆ ‘ನಂಗೂ ತೋರ್ಸೇ’ ಅಂದಳು. ‘ಆಮೇಲೆ’ ಅಂತ ಹೇಳಿ ಸ್ನಾನಕ್ಕೆ ಹೋದೆ.

ಹತ್ತು ದಿನಕ್ಕೆ ಅಮ್ಮ ಹೋದಳು. ಹೃದಯ. ಬೆಳಿಗ್ಗೆ ಹಾಲು ತೆಗೆದುಕೊಂಡು ಒಳಗೆ ಬಂದವಳು ಬಾಗಿಲ ಹತ್ತಿರವೇ ಕೂತಳಂತೆ, ಪಕ್ಕದ ಮನೆಯವರು ನೋಡಿದರಂತೆ.

ಅಳು ಬರಲಿಲ್ಲ. ಬರುತ್ತದೆ ಬರುತ್ತದೆ ಅಂತ ಕಾದೆ. ಕಾಲಿಗೆ ಜೋಮು ಹಿಡಿದಾಗ ಚಿವುಟಿದರೂ ಗೊತ್ತಾಗುವುದಿಲ್ಲವಲ್ಲ, ಹಾಗೆ. ಹದಿಮೂರನೇ ದಿನ ವೈಕುಂಠ ಸಮಾರಾಧನೆಯಲ್ಲಿ ಎರಡು ಸಲ ಪಾಯಸ ಹಾಕಿಸಿಕೊಂಡೆ. ಯಾರೋ ನೋಡಿದರು, ನೋಡಲಿ ಬಿಡು ಅನ್ನಿಸಿತು. ಜಯನಗರದ ಮನೆ ಖಾಲಿಯಾಗಿ, ಅವಳ ಬೀರು, ಸ್ಟೂಲು ಸುದ್ದಗುಂಟೆಪಾಳ್ಯಕ್ಕೆ ಬಂದವು. ಅವಳು ಆ ಹದಿನಾಲ್ಕು ಕ್ಯಾಸೆಟ್ಟಿನಲ್ಲಿ ಯಾವುದೋ ಒಂದರಲ್ಲಿದ್ದಾಳೆ ಅಂತ ಗೊತ್ತಿತ್ತು. ಯಾವುದರಲ್ಲಿ ಅಂತ ಬರೆದಿಟ್ಟಿರಲಿಲ್ಲ. ಯಾವುದನ್ನು ಹಾಕಿದರೂ ಅವಳು ಬಂದುಬಿಡಬಹುದು ಅಂತ ಯಾವುದನ್ನೂ ಹಾಕಲಿಲ್ಲ. ಆ ದಿನ ಕ್ಯಾಮೆರಾದ ಹೊಟ್ಟೆಯಲ್ಲಿ ಯಾವ ಕ್ಯಾಸೆಟ್ಟಿತ್ತು ಅಂತ ಒಂದೇ ಒಂದು ಸಲ ಯೋಚಿಸಿದ್ದರೆ ಸಾಕಿತ್ತು. ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ. ಆ ಕಡೆಗೆ ಯೋಚನೆಯನ್ನೇ ಬಿಡಲಿಲ್ಲ.

ಚಿತ್ರ ನಿಂತಿತು, ಪೋಡಿಗೆ ಕೊಡಬೇಕಿದ್ದ ಪ್ರತಿಯನ್ನೂ ಮಾಡಲಿಲ್ಲ. ಬಿಟಿಎಂ ಲೇಔಟಿನ ಒಂದು ಸ್ಟುಡಿಯೋದಲ್ಲಿ ಮದುವೆ ವಿಡಿಯೋ ಜೋಡಿಸುವ ಕೆಲಸಕ್ಕೆ ಸೇರಿದೆ. ಹಾಯಾದ ಕೆಲಸ. ಧಾರೆ, ಮಾಂಗಲ್ಯ, ಊಟದ ಪಂಕ್ತಿ, ಕಳಿಸಿಕೊಡುವಾಗಿನ ಅಳು. ಎಲ್ಲಿ ಕತ್ತರಿಸಬೇಕು ಅಂತ ಯಾರನ್ನೂ ಕೇಳಬೇಕಾಗಿರಲಿಲ್ಲ. ನಾನಿದ್ದ ಬೀದಿ ಅಷ್ಟರಲ್ಲಿ ಪೇಯಿಂಗ್ ಗೆಸ್ಟ್ ಬೋರ್ಡುಗಳಿಂದ ತುಂಬಿತು. ಕೆಳಗಿನ ಮನೆಗೆ ಹುಬ್ಬಳ್ಳಿ ಕಡೆಯ ಹುಡುಗಿಯರು ಬಂದು, ಭಾನುವಾರ ಬೆಳಿಗ್ಗೆ ರೊಟ್ಟಿ ತಟ್ಟುವ ಸದ್ದು ಕೇಳುತ್ತಿತ್ತು. ನನಗೆ ಯಾವುದೂ ಬೇಕು ಅನ್ನಿಸುತ್ತಿರಲಿಲ್ಲ, ಬೇಡ ಅಂತಲೂ ಅನ್ನಿಸುತ್ತಿರಲಿಲ್ಲ.

ಅಮ್ಮ ಹೋಗಿ ನಾಲ್ಕು ವರ್ಷವಾದ ಮೇಲೆ ಒಂದು ದಿನ ಫೋನ್ ಬಂತು. ‘ಅಜ್ಜಿ ತೀರ್ಕಂಡ್ಲು ಅಕ್ಕ’ ಅಂದಳು ಮೊಮ್ಮಗಳು. ನನ್ನ ಮುಂದಿನ ಪರದೆಯಲ್ಲಿ ಯಾರದೋ ಆರತಕ್ಷತೆ ನಿಂತಿತ್ತು, ವಧುವಿನ ಕೈ ಗಾಳಿಯಲ್ಲೇ ಇತ್ತು. ‘ಬರ್ತೀನಿ’ ಅಂದೆ. ಹೋಗಲಿಲ್ಲ. ‘ಕ್ಯಾಸೆಟ್ ಅದೆಯಲ್ಲ, ಅದೇ ಸಮಾಧಾನ’ ಅಂತ ಅವಳು ಹೇಳಿದಳು.

ಇನ್ನೂ ಐದು ವರ್ಷ ಕಳೆದವು. ಕಾಡಿನವರಿಗೆ ಅವರ ಜಾಗದ ಮೇಲೆ ಹಕ್ಕು ಕೊಡುವ ಹೊಸ ಕಾಯ್ದೆ ಬಂದಿತ್ತು. ಅರ್ಜಿಯ ಜೊತೆ ಪುರಾವೆ ಬೇಕು; ಹಿರಿಯರ ಹೇಳಿಕೆಯೂ ಪುರಾವೆಯೇ. ಪೋಡಿನ ಯಜಮಾನ ಮತ್ತು ಮೊಮ್ಮಗಳು ಅಜ್ಜಿಯ ಹನ್ನೊಂದು ಹೆಸರುಗಳನ್ನು ಕ್ಯಾಸೆಟ್ಟಿನಿಂದ ಬರೆದುಕೊಂಡು ಹೋಗಲು ಬರುತ್ತೇವೆ ಅಂದರು. ಬನಶಂಕರಿ ಬಸ್ ಸ್ಟ್ಯಾಂಡಿನಲ್ಲಿ ಹೋಗಿ ನಿಂತೆ. ಅವಳ ಕೂದಲು ಮುಂದೆ ಒಂದಿಷ್ಟು ನೆರೆತಿತ್ತು. ನನ್ನ ಕೈ ಹಿಡಿದು ‘ಇಳ್ದೋಗಿದ್ದೀರಿ ಅಕ್ಕ’ ಅಂದಳು. ಬ್ಯಾಗಿನಿಂದ ಒಂದು ಶೀಸೆ ಜೇನು ತೆಗೆದು ಅಲ್ಲೇ ಕೊಟ್ಟಳು.

ಕೋಣೆಯಲ್ಲಿ ಚಾಪೆ ಹಾಸಿದೆ. ಹಳೆ ಕ್ಯಾಮೆರಾಗೆ ವೈರು ಸಿಕ್ಕಿಸಿ ಟಿವಿಗೆ ಜೋಡಿಸಿದೆ. ಬೀರು ತೆಗೆದೆ, ಡಬ್ಬಿ ತೆಗೆದೆ. ಏಳನೇ ನಂಬರು ನನ್ನ ಅಕ್ಷರದಲ್ಲೇ ಇತ್ತು. ಅವಳು ಮಡಿಲಲ್ಲಿ ನೋಟ್‌ಬುಕ್ ಬಿಚ್ಚಿ ಒಂದರಿಂದ ಹನ್ನೊಂದರ ತನಕ ಅಂಕಿ ಬರೆದು ಪೆನ್ನು ಹಿಡಿದು ಕೂತಳು.

ಅಜ್ಜಿ ಬಂದಳು. ಟಿವಿಯಲ್ಲಿ ಅವಳು ದೊಡ್ಡದಾಗಿದ್ದಳು. ಯಜಮಾನ ಕೈ ಮುಗಿದ. ಅಜ್ಜಿ ನಡೆದು ಮೊದಲನೇ ಜಾಗಕ್ಕೆ ಬಂದು, ಹೆಸರು ಹೇಳಿದಳು. ಮೊಮ್ಮಗಳು ಬರೆದುಕೊಂಡಳು. ಅಜ್ಜಿ ತಿರುಗಿ, ಮುಂದಿನ ದಾರಿಯ ಕಡೆ ಕೈ ಎತ್ತಿ ತೋರಿಸಿದಳು. ಚಿತ್ರ ಒಂದು ಸಲ ಚೂರುಚೂರಾಗಿ ನೆಟ್ಟಗಾಯಿತು. ಅವರೆಕಾಳು. ಅಮ್ಮನ ಕೈ.

‘ಎದ್ಯಾ ತಾಯಿ’ ಅನ್ನುವುದೊಂದು ಇರಲಿಲ್ಲ, ಅದು ಕ್ಯಾಮೆರಾ ಹಾಕುವ ಮುಂಚಿನದು. ಉಳಿದದ್ದೆಲ್ಲ ಇತ್ತು.

‘ಇವ್ರು ಯಾರಕ್ಕ?’ ಮೊಮ್ಮಗಳು ಕೇಳಿದಳು.

‘ನಮ್ಮಮ್ಮ.’

ನನಗೆ ಆಗಲೇ ಎಲ್ಲ ಅರ್ಥವಾಗಿಹೋಗಿತ್ತು. ಮುಂದಕ್ಕೆ ಓಡಿಸಲು ಕೈ ಚಾಚಿದೆ. ‘ಓಡುಸ್‌ಬ್ಯಾಡಿ’ ಅಂದಳು ಅವಳು. ‘ಮಾತಾಡ್ತಾವ್ರಲ್ಲ.’ ಯಾರಾದರೂ ಪರದೆಯ ಮೇಲಿದ್ದರೆ ಅವರು ಮುಗಿಸುವ ತನಕ ಕೂತು ನೋಡುವುದು ಆ ಪೋಡಿನಲ್ಲಿ ಅಭ್ಯಾಸವಾಗಿಬಿಟ್ಟಿತ್ತು, ಅದೂ ನನ್ನಿಂದಲೇ. ಅರ್ಧ ಗಂಟೆ ಅವರಿಬ್ಬರೂ ನನ್ನ ಅಮ್ಮ ಅವರೆಕಾಳು ಹಿಚುಕುವುದನ್ನು ನೋಡಿದರು. ಅಮ್ಮ ನೆರೆಮನೆಯವರನ್ನು ಬೈದಳು, ಕಾಳಿನಲ್ಲಿ ಹುಳು ಹೆಚ್ಚು ಅಂದಳು, ನನ್ನ ಮದುವೆಯ ಮಾತು ಎತ್ತಿ ತಾನೇ ಬಿಟ್ಟಳು. ‘ಬೆರಳು ಬಲೇ ಚುರುಕು’ ಅಂದ ಯಜಮಾನ ಒಂದು ಸಲ. ನಾನು ಗೋಡೆಗೆ ಒರಗಿ ಕೂತಿದ್ದೆ. ಎದೆಯಲ್ಲಿ ಏನೂ ಇರಲಿಲ್ಲ. ಫ್ಯಾನಿನ ಸದ್ದು ಕೇಳಿಸುತ್ತಿತ್ತು.

ಕೊನೆಗೆ ಅಮ್ಮ ತಲೆಯೆತ್ತಿ ನೇರ ನೋಡಿದಳು. ‘ನಂಗೂ ತೋರ್ಸೇ, ಹೆಂಗ್ ಬಂದಿದೀನಿ ನೋಡೋಣ.’ ಹೊರಗಿನಿಂದ ನನ್ನ ದನಿ, ‘ಆಮೇಲೆ’. ನನ್ನ ಕೈ ಅಡ್ಡ ಬಂತು. ಚಿತ್ರ ಮತ್ತೆ ಚೂರಾಯಿತು, ಅಜ್ಜಿ ಕಲ್ಲುಗುಡಿಯ ಹತ್ತಿರ ನೆಲದ ಮೇಲೆ ಕೂತಿದ್ದಳು. ಹನ್ನೊಂದನೇ ಜಾಗ. ಅದರ ಹೆಸರು ಹೇಳಿ, ಸೆರಗಿನಲ್ಲಿ ಮುಖ ಒರೆಸಿಕೊಂಡು ನಕ್ಕಳು. ‘ಇಷ್ಟೇ ಕಣವ್ವ. ಎಲ್ಲಾನೂ ಹೇಳ್ದೆ. ಇನ್ನು ಮರ್ತ್ರೆ ನನ್ನ ಕೇಳ್‌ಬ್ಯಾಡಿ.’ ಆಮೇಲೆ ನೀಲಿ.

ನೋಟ್‌ಬುಕ್ಕಿನಲ್ಲಿ ಒಂದು ಮತ್ತು ಹನ್ನೊಂದರ ಮುಂದೆ ಹೆಸರಿತ್ತು. ನಡುವೆ ಒಂಬತ್ತು ಖಾಲಿ. ಯಜಮಾನ ಎದ್ದು ಬಾಲ್ಕನಿಗೆ ಹೋಗಿ ನಿಂತ. ನಾನು ಏನಾದರೂ ಹೇಳಬೇಕಿತ್ತು. ತಪ್ಪಾಯ್ತು ಅಂದೆ, ಅದು ಬೇರೆ ಯಾರೋ ಹೇಳಿದ ಹಾಗೆ ಕೇಳಿಸಿತು. ಅವಳು ಪೆನ್ನಿನ ಮುಚ್ಚಳ ಹಾಕಿದಳು.

‘ನಿಮ್ಮಮ್ಮಂಗೆ ತೋರುಸ್ಲೇ ಇಲ್ವಾ ಅಕ್ಕ?’

‘ಇಲ್ಲ.’

‘ಅಜ್ಜಿ ಆಮೇಲೆ ನಾಕು ವರ್ಸ ಇದ್ಲು’ ಅಂದಳು.

ಅಷ್ಟೇ ಹೇಳಿದ್ದು. ಬೈದಿದ್ದರೆ ಚೆನ್ನಾಗಿತ್ತು. ಆವತ್ತು ಅಮ್ಮನಿಗೆ ತೋರಿಸಲು ಹಿಂದಕ್ಕೆ ಓಡಿಸಿದ್ದರೆ ಆವತ್ತೇ ಗೊತ್ತಾಗುತ್ತಿತ್ತು, ಮಾರನೇ ವಾರ ಅಜ್ಜಿ ಇನ್ನೊಂದು ಸಲ ನಡೆಯುತ್ತಿದ್ದಳು, ಬೈದುಕೊಂಡಾದರೂ ನಡೆಯುತ್ತಿದ್ದಳು. ಊರಿಗೆಲ್ಲ ಹೇಳಿದ ಕಟ್ಟಳೆಯನ್ನು ನನ್ನ ಮನೆಯ ನಡುಮನೆಯಲ್ಲಿ ಪಾಲಿಸಲಿಲ್ಲ. ಪುರಾಣ ಹೇಳೋಕೆ, ಬದನೇಕಾಯಿ ತಿನ್ನೋಕೆ.

ಅವಳು ನೋಟ್‌ಬುಕ್ ಮಡಚಿ ಬ್ಯಾಗಿಗೆ ಹಾಕಿಕೊಂಡಳು. ‘ನನ್ದೂ ತಪ್ಪದೆ. ನಾನು ಅಜ್ಜಿ ಹಿಂದೇನೆ ಇದ್ದೆ. ಒಂದ್ ಹೆಸ್ರೂ ಕಿವಿಗೆ ಹಾಕಳ್ಳಿಲ್ಲ. ಅಜ್ಜಿ ತಲೆ ಚೌಕಟ್ಟಲ್ಲಿ ಅದಾ ಇಲ್ವಾ ಅಂತ ನೋಡ್ತಿದ್ದೆ. ಕ್ಯಾಸೆಟ್ ಕೇಳುಸ್ಕತ್ತದಲ್ಲ ಅಂದ್ಕಂಡೆ.’

ನಾನು ಅನ್ನ ಸಾರು ಮಾಡಿದೆ, ಮೂವರೂ ಊಟ ಮಾಡಿದೆವು. ಹೊರಡುವ ಹೊತ್ತಿಗೆ ಅವಳು ಬೀರುವಿನ ಹತ್ತಿರ ಹೋಗಿ ಚಪ್ಪಲಿ ಡಬ್ಬಿ ಎತ್ತಿಕೊಂಡು ತನ್ನ ಬ್ಯಾಗಿಗೆ ಹಾಕಿದಳು. ಏಳನೆಯದನ್ನೂ ಹಾಕಿದಳು.

‘ಇರು, ಅದರ ಪ್ರತಿ ಮಾಡಿ ಕೊಡ್ತೀನಿ’ ಅಂದೆ.

‘ಬ್ಯಾಡಿ ಅಕ್ಕ. ನಾವೇ ಮಡಿಕ್ಕತ್ತೀವಿ.’

‘ಅದ್ರಲ್ಲಿ ನಮ್ಮಮ್ಮ ಇದಾಳೆ.’

‘ಇರ್ಲಿ. ಕೇಳ್ದೆ ಏನೂ ಕತ್ತರುಸ್ಬಾರ್ದು ಅಂದವ್ರು ನೀವೇ. ಅವ್ರನ್ನ ಈಗ ಕೇಳಕ್ಕಾಯ್ತದಾ?’

ಬಸ್ ಹತ್ತಿಸಿ ಬಂದೆ. ಬೀರುವಿನ ಅರೆ ಖಾಲಿಯಾಗಿತ್ತು, ಡಬ್ಬಿ ಇದ್ದ ಜಾಗದಲ್ಲಿ ಮಾತ್ರ ಧೂಳಿರಲಿಲ್ಲ.

ಎರಡು ತಿಂಗಳು ಬಿಟ್ಟು ಅವರೇ ಕರೆದರು. ಪೋಡಿನ ವಯಸ್ಸಾದವರನ್ನೆಲ್ಲ ಕೂರಿಸಿ, ಒಬ್ಬರ ನೆನಪಿಗೆ ಇನ್ನೊಬ್ಬರ ನೆನಪು ಸೇರಿಸಿ ಇನ್ನೂ ಏಳು ಹೆಸರು ಹುಡುಕಿದ್ದರು. ಈಗ ಎಲ್ಲೆಯನ್ನು ಮತ್ತೆ ನಡೆದು ತೆಗೆಯಬೇಕು. ಈ ಸಲ ಮುಂದೆ ನಡೆದವಳು ಮೊಮ್ಮಗಳು. ಕ್ಯಾಮೆರಾ ಹಿಡಿದದ್ದು ಅವಳ ತಂಗಿ. ನಾನು ಮತ್ತೆ ಮೈಕು. ಒಂಬತ್ತು ಕಡೆ ಅವಳು ಹೆಸರು ಹೇಳಿ ನೆಲ ಮುಟ್ಟಿದಳು. ಎರಡು ಕಡೆ ಸುಮ್ಮನೆ ನಿಂತಳು. ಒಂದು ದೊಡ್ಡ ಬಂಡೆ, ಒಂದು ನೀರಿನ ಒರತೆ.

ಒರತೆಯ ಹತ್ತಿರ ಅವಳು ತಿರುಗಿ ನನ್ನನ್ನು ನೋಡಿದಳು. ‘ನೀವು ಕಿವಿಗೆ ಹಾಕ್ಕಂಡಿದ್ರಲ್ಲ ಅಕ್ಕ. ನಿಮ್ಗೂ ಗ್ಯಾಪಕ ಇಲ್ವಾ?’

ಎಲ್ಲರಿಗಿಂತ ಗಟ್ಟಿಯಾಗಿ ನನಗೆ ಕೇಳಿಸಿತ್ತು. ಇದೇ ಜಾಗದಲ್ಲಿ ಅಜ್ಜಿ ಮೊದಲು ಕೆಮ್ಮಿದಳು, ಆ ಕೆಮ್ಮಿಗೆ ದನಿಯ ಮಟ್ಟ ತೋರಿಸುವ ಮುಳ್ಳು ಕೊನೆಗೆ ಹಾರಿತು ಅಂತ ನಾನು ದನಿ ಕಡಿಮೆ ಮಾಡಿದೆ. ಕೆಮ್ಮು ಈಗಲೂ ನೆನಪಿದೆ. ಅದರ ಹಿಂದೆ ಬಂದ ಹೆಸರು ನೆನಪಿಲ್ಲ. ಇಲ್ಲ ಅಂತ ತಲೆ ಆಡಿಸಿದೆ, ಆಡಿಸುತ್ತಾ ಅಳು ಬಂತು. ಒಂಬತ್ತು ವರ್ಷದ್ದು. ನೀರಿನ ಪಕ್ಕ ಕುಕ್ಕರಗಾಲಲ್ಲಿ ಕೂತು ಬಾಯಿ ತೆರೆದು ಅತ್ತೆ, ಅಮ್ಮನಿಗೋ ಅಜ್ಜಿಗೋ ಗೊತ್ತಿಲ್ಲ. ತಂಗಿ ಕ್ಯಾಮೆರಾ ಇಳಿಸಿದಳು. ಯಾರೂ ಸಮಾಧಾನ ಮಾಡಲಿಲ್ಲ. ಮುಗಿಯುವ ತನಕ ಕಾದರು.

ಸಂಜೆ ಅರ್ಜಿ ಬರೆಯುವಾಗ ಯಜಮಾನ ‘ಆ ಎರಡಕ್ಕೂ ಏನೋ ಒಂದು ಹೆಸ್ರು ಕಟ್ಟಿ ಹಾಕು, ಯಾರಿಗೆ ಗೊತ್ತಾಯ್ತದೆ’ ಅಂದ. ಮೊಮ್ಮಗಳು ಒಪ್ಪಲಿಲ್ಲ. ಸುಳ್ಳು ಹೆಸರು ಇಟ್ಟರೆ ನಾಳೆ ಅದೇ ನಿಜವಾಗುತ್ತದೆ ಅಂದಳು. ಅರ್ಜಿಯಲ್ಲಿ ಒಂಬತ್ತು ಹೆಸರು ಹೋಯಿತು. ಬಂಡೆ ಮತ್ತು ಒರತೆಯ ಸಾಲು ಖಾಲಿ ಬಿಟ್ಟರು. ಆ ಎರಡು ಇವತ್ತಿಗೂ ಅವರ ನಕ್ಷೆಯಲ್ಲಿಲ್ಲ.

ಅರ್ಜಿ ಮಡಿಸಿಟ್ಟು ಎಲ್ಲರೂ ಕೂತು ಆ ದಿನ ತೆಗೆದದ್ದನ್ನು ನೋಡಿದರು. ಪೋಡಿಗೆ ಅಷ್ಟರಲ್ಲಿ ಕರೆಂಟ್ ಬಂದಿತ್ತು. ನೋಡಿಯಾದ ಮೇಲೆ ಮೊಮ್ಮಗಳು ಕ್ಯಾಮೆರಾ ಎತ್ತಿಕೊಂಡು ಮುಂದಕ್ಕೆ ಓಡಿಸಿ ನನ್ನ ಮುಖದ ಮುಂದೆ ಹಿಡಿದಳು. ‘ನೀಲಿ ಬಂದದೆ. ನೋಡ್ಕಳಿ.’ ನೋಡಿದೆ. ಬಂದಿತ್ತು. ಅವಳು ಅಜ್ಜಿಯ ತಗಡಿನ ಪೆಟ್ಟಿಗೆ ತೆಗೆದು ಬಟ್ಟೆಯಲ್ಲಿ ಸುತ್ತಿದ್ದ ಏಳನೆಯದನ್ನು ಹೊರಗೆ ತೆಗೆದಳು.

‘ಅಮ್ಮನ್ನ ನೋಡ್ತೀರಾ ಅಕ್ಕ?’

‘ಆಮೇಲೆ’ ಅನ್ನುವುದು ನಾಲಿಗೆಯ ತುದಿಗೆ ಬಂದಿತ್ತು. ‘ತೋರ್ಸು’ ಅಂದೆ.

ಕ್ಯಾಸೆಟ್ಟಿನ ಬೆನ್ನಿನಲ್ಲಿ ಒಂದು ಪುಟ್ಟ ಗುಂಡಿ ಇರುತ್ತದೆ, ಅದನ್ನು ಸರಿಸಿದ್ದರೆ ಅದರ ಮೇಲೆ ಬೇರೇನೂ ಅಚ್ಚಾಗುವುದಿಲ್ಲ. ಅವಳು ಅದನ್ನು ದೀಪಕ್ಕೆ ಹಿಡಿದು, ಗುಂಡಿ ಸರಿದಿದೆಯಾ ಅಂತ ಎರಡು ಸಲ ನೋಡಿಕೊಂಡು, ಒಳಗೆ ಹಾಕಿದಳು.